ಬ್ಲ್ಯಾಕ್ ಬೆಟ್ಟಿ: ಟೆಕ್ಸಾಸ್ ಜೈಲಿನ ಕೊಡಲಿ ಹಾಡು ರಾಕ್ ಹಾಡಾಗಿದ್ದು ಹೇಗೆ?

ಪ್ರಶ್ನೆ: ಸರ್, ಕಾರ್ ರೇಸ್ ಗೇಮ್ ಆಡ್ತಿದ್ದಾಗ ಸ್ಪೈಡರ್‌ಬೇಟ್ ಬ್ಯಾಂಡಿನ ‘ಬ್ಲ್ಯಾಕ್ ಬೆಟ್ಟಿ’ ಕೇಳಿ ಹುಚ್ಚು ಹಿಡ್ದಿತ್ತು. ಆಮೇಲೆ ರ್‍ಯಾಮ್ ಜ್ಯಾಮ್ ಅನ್ನೋರ ಹಳೇ ವರ್ಷನ್ ಸಿಕ್ತು. ಹುಡುಕ್ತಾ ಹೋದ್ರೆ ಒಬ್ರು ಇದು ಬಂದೂಕಿನ ಹಾಡು ಅಂತಾರೆ, ಇನ್ನೊಬ್ರು ಚಾಟಿ ಅಂತಾರೆ, ಮತ್ತೊಬ್ರು ಗುಲಾಮರ ಹಾಡು ಅಂತಾರೆ. ನಿಜವಾಗ್ಲೂ ಬರ್ದಿದ್ದು ಯಾರು? ಕಾಲೇಜ್ ಫೆಸ್ಟಲ್ಲಿ ನಮ್ಮ ಬ್ಯಾಂಡ್ ಇದನ್ನ ಹಾಡ್ಬೇಕು ಅಂತಿದೀವಿ, ತಪ್ಪಾಗುತ್ತಾ?

ಉತ್ತರ: ಮೊದ್ಲು ನೇರ ಉತ್ತರ ಕೊಟ್ಬಿಡ್ತೀನಿ. ಇಂಥೋರು ಕೂತು ಬರೆದ್ರು ಅಂತ ಯಾರ ಹೆಸ್ರನ್ನೂ ಹೇಳೋಕಾಗಲ್ಲ. ಟೆಕ್ಸಾಸ್‌ನ ಜೈಲು ಜಮೀನುಗಳಲ್ಲಿ ಕಪ್ಪು ಕೈದಿಗಳು ದುಡೀತಾ ಹಾಡ್ಕೊಂಡು ಬಂದ ಹಾಡು ಇದು, ಒಬ್ಬನ ಬಾಯಿಂದ ಇನ್ನೊಬ್ಬನ ಬಾಯಿಗೆ ಹೋಗಿ ಬೆಳೆದಿದ್ದು. ಜನ ದುಡೀತಿದ್ದ ಜಾಗದಲ್ಲೇ ಇದು ಮೊದಲ ಸಲ ರೆಕಾರ್ಡ್ ಆಗಿದ್ದು 1933ರ ಡಿಸೆಂಬರ್‌ನಲ್ಲಿ, ಹ್ಯೂಸ್ಟನ್ ಹತ್ರದ ಶುಗರ್ ಲ್ಯಾಂಡ್ ಅನ್ನೋ ಊರಿನ ಸೆಂಟ್ರಲ್ ಸ್ಟೇಟ್ ಫಾರ್ಮ್‌ನಲ್ಲಿ. ಮುಂದೆ ನಿಂತು ಹಾಡಿದ್ದು ಜೇಮ್ಸ್ ಬೇಕರ್ ಅನ್ನೋ ಕೈದಿ, ಆಗ ಅವರಿಗೆ 63 ವರ್ಷ, ಜೈಲಲ್ಲಿ ಎಲ್ರೂ ‘ಐರನ್ ಹೆಡ್’ ಅಂತಿದ್ರು. ಜೊತೆಗಿದ್ದ ಕೈದಿಗಳು ಪಲ್ಲವಿ ಕೊಟ್ರು. ಗಿಟಾರ್ ಇಲ್ಲ, ಡ್ರಮ್ಸ್ ಇಲ್ಲ, ಬರೀ ಗಂಟಲು. ನೀವು ಗೇಮಲ್ಲಿ ಕೇಳಿದ್ದು 2004ರದ್ದು, ಅಂದ್ರೆ ಅದಾಗಿ ಎಪ್ಪತ್ತು ವರ್ಷಕ್ಕೂ ಆಮೇಲಿಂದು. ಈ ಎಪ್ಪತ್ತು ವರ್ಷದಲ್ಲಿ ಹಾಡಿಗೆ ಏನೇನಾಯ್ತು ಅನ್ನೋದನ್ನ ಸ್ವಲ್ಪ ನಿಧಾನವಾಗೇ ಹೇಳ್ತೀನಿ, ಯಾಕಂದ್ರೆ ನಿಮ್ಮ ಕೊನೇ ಪ್ರಶ್ನೆಗೆ ಉತ್ತರ ಅದ್ರೊಳಗೇ ಇದೆ.

ಶುಗರ್ ಲ್ಯಾಂಡ್ ಅಂದ್ರೆ ಹೆಸ್ರಿಗೆ ತಕ್ಕ ಹಾಗೆ ಕಬ್ಬಿನ ಸೀಮೆ. 1865ರಲ್ಲಿ ಅಮೆರಿಕದಲ್ಲಿ ಗುಲಾಮಗಿರಿ ಕಾನೂನು ಪ್ರಕಾರ ಮುಗೀತು, ಆದ್ರೆ ಆ ಸಂವಿಧಾನ ತಿದ್ದುಪಡಿಯಲ್ಲೇ ಒಂದು ಕಿಂಡಿ ಬಿಟ್ಟಿದ್ರು, ಅಪರಾಧಕ್ಕೆ ಶಿಕ್ಷೆಯಾಗಿ ಬಲವಂತದ ದುಡಿಮೆ ಮಾಡಿಸ್ಬಹುದು ಅಂತ. ದಕ್ಷಿಣದ ರಾಜ್ಯಗಳು ಆ ಕಿಂಡಿಯನ್ನೇ ಹೆಬ್ಬಾಗಿಲು ಮಾಡ್ಕೊಂಡ್ವು. ಸಣ್ಣಪುಟ್ಟ ಕಾರಣಕ್ಕೆ ಕಪ್ಪು ಜನರನ್ನ ಹಿಡ್ದು ಒಳಗೆ ಹಾಕೋದು, ಆಮೇಲೆ ಅವರನ್ನ ಜಮೀನ್ದಾರರಿಗೆ, ಕಂಪನಿಗಳಿಗೆ ಬಾಡಿಗೆಗೆ ಕೊಡೋದು. 1878ರಲ್ಲಿ ಟೆಕ್ಸಾಸ್ ಸರ್ಕಾರ ತನ್ನ ಇಡೀ ರಾಜ್ಯದ ಕೈದಿಗಳನ್ನ ಕನಿಂಗ್‌ಹ್ಯಾಮ್ ಮತ್ತು ಎಲ್ಲಿಸ್ ಅನ್ನೋ ಇಬ್ಬರಿಗೆ ಲೀಸಿಗೆ ಕೊಡ್ತು, ಇಬ್ರೂ ಶುಗರ್ ಲ್ಯಾಂಡ್ ಕಡೆ ಕಬ್ಬು ಬೆಳೀತಿದ್ದೋರು. ಸೊಂಟದವರೆಗೆ ಕೆಸರು, ಮಲೇರಿಯಾ, ಹೊಡೆತ, ಹಸಿವು. ಮುಂದೆ ಲೀಸ್ ಪದ್ಧತಿ ನಿಂತಾಗ ರಾಜ್ಯ ಸರ್ಕಾರವೇ ಜಮೀನು ತಗೊಂಡು ಜೈಲು ಫಾರ್ಮ್ ಮಾಡ್ತು, ಯಜಮಾನ ಬದಲಾದ, ಕೆಲಸ ಅದೇ. 2018ರಲ್ಲಿ ಅಲ್ಲಿ ಒಂದು ಶಾಲಾ ಕಟ್ಟಡಕ್ಕೆ ನೆಲ ಅಗೆಯೋವಾಗ 95 ಜನರ ಸಮಾಧಿ ಸಿಕ್ತು, ಎಲ್ಲಾ ಆ ಲೀಸ್ ಕಾಲದಲ್ಲಿ ದುಡಿದು ಸತ್ತ ಕಪ್ಪು ಕೈದಿಗಳದ್ದು, ಮೇಲೆ ಹೆಸರಿನ ಕಲ್ಲಿಲ್ಲ. ಐರನ್ ಹೆಡ್ ಹಾಡಿದ್ದು ಅದೇ ಸೀಮೆಯಲ್ಲಿ.

ಹಾಗಾಗಿ ‘ಗುಲಾಮರ ಹಾಡು’ ಅನ್ನೋದು ಪೂರ್ತಿ ಸರಿ ಅಲ್ಲ, ಗುಲಾಮಗಿರಿ ಕಾಲದಿಂದ್ಲೇ ಈ ಹಾಡಿತ್ತು ಅನ್ನೋದಕ್ಕೆ ದಾಖಲೆ ಇಲ್ಲ. ನಮ್ಮ ಕೈಗೆ ಸಿಕ್ಕಿರೋದು ಜೈಲಿನ ಹಾಡು. ಆದ್ರೆ ಒಬ್ಬ ಕೂಗೋದು ಗುಂಪು ಉತ್ತರ ಕೊಡೋದು ಅನ್ನೋ ರೀತಿ ಇದೆಯಲ್ಲ, ಅದು ಆಫ್ರಿಕಾದಿಂದ ಬಂದು ತೋಟಗಳಲ್ಲಿ ಉಳ್ಕೊಂಡು ಜೈಲು ಜಮೀನಿಗೂ ಬಂದಿದ್ದು.

ಈಗ ಬಹಳ ಮುಖ್ಯವಾದ ವಿಷಯ, ಇಂಥ ಹಾಡು ಏನು ಕೆಲಸ ಮಾಡ್ತಿತ್ತು ಅನ್ನೋದು. ನಮ್ಮ ಕಡೆ ಇಬ್ರು ಹೆಂಗಸ್ರು ಒಂದೇ ಒರಳಿಗೆ ಎರಡು ಒನಕೆ ಹಾಕಿ ಭತ್ತ ಕುಟ್ಟೋದನ್ನ ನೋಡಿದ್ರೆ ತಕ್ಷಣ ಅರ್ಥ ಆಗುತ್ತೆ. ಒಬ್ಬಳ ಒನಕೆ ಏಳೋವಾಗ ಇನ್ನೊಬ್ಬಳದು ಬೀಳ್ಬೇಕು, ಪದ ತಪ್ಪಿದ್ರೆ ಒನಕೆಗೆ ಒನಕೆ ತಾಗುತ್ತೆ. ಟೆಕ್ಸಾಸ್‌ನಲ್ಲಿ ಒನಕೆ ಬದ್ಲು ಕೊಡಲಿ. ಒಂದು ಮರದ ಸುತ್ತ ನಾಲ್ಕು ಜನ ನಿಂತು ಕಡೀತಾರೆ, ಲೆಕ್ಕ ತಪ್ಪಿದ್ರೆ ಕೊಡಲಿ ಪಕ್ಕದೋನ ಮೇಲೇ ಹೋಗುತ್ತೆ. ಹಾಡು ಅಲ್ಲಿ ಪ್ರಾಣ ಉಳಿಸೋ ಸಾಧನ. ಇನ್ನೊಂದು ಇದೆ, ಇದು ಇನ್ನೂ ದೊಡ್ಡದು. ಕುದುರೆ ಮೇಲೆ ಬಂದೂಕು ಹಿಡ್ದು ಕೂತಿರೋ ಕಾವಲುಗಾರ ಯಾರು ನಿಧಾನ ಮಾಡ್ತಿದಾನೆ ಅಂತ ನೋಡ್ತಿರ್ತಾನೆ, ಸಿಕ್ಕಿಬಿದ್ದೋನಿಗೆ ಹೊಡೆತ. ಎಲ್ರೂ ಹಾಡಿನ ಏಟಿಗೆ ಸರಿಯಾಗಿ ಕೊಡಲಿ ಹಾಕಿದ್ರೆ ವಯಸ್ಸಾದೋನು, ಕಾಯಿಲೆಯೋನು, ಹೊಸಬ, ಯಾರೂ ಎದ್ದು ಕಾಣಲ್ಲ. ಹಾಡಿನ ವೇಗವೇ ಗುಂಪಿನ ವೇಗ, ಆ ವೇಗ ಹಿಡಿಯೋನು ಹಾಡೋ ಮುಂದಾಳು, ಕಾವಲುಗಾರ ಅಲ್ಲ. ಬ್ರೂಸ್ ಜ್ಯಾಕ್ಸನ್ ಅನ್ನೋ ಜಾನಪದ ವಿದ್ವಾಂಸರು 1960ರ ದಶಕದಲ್ಲಿ ಇದೇ ಟೆಕ್ಸಾಸ್ ಜೈಲುಗಳಲ್ಲಿ ಕೈದಿಗಳ ಹಾಡು ರೆಕಾರ್ಡ್ ಮಾಡಿದ್ರು, 1966ರಲ್ಲಿ ಜಾನಪದ ಗಾಯಕ ಪೀಟ್ ಸೀಗರ್ ಕುಟುಂಬದ ಜೊತೆ ಸೇರಿ ಎಲ್ಲಿಸ್ ಜೈಲಲ್ಲಿ ಮರ ಕಡಿಯೋ ಹಾಡುಗಳ ಒಂದು ಸಾಕ್ಷ್ಯಚಿತ್ರವನ್ನೂ ತೆಗೆದ್ರು. ಅದರಲ್ಲಿ ಕೊಡಲಿಗಳು ಸಾಲಾಗಿ ಏಳೋದು ಬೀಳೋದು ನೋಡಿ, ನಾನು ಇಲ್ಲಿ ಎಷ್ಟು ಬರೆದ್ರೂ ಆ ಕೆಲವು ನಿಮಿಷಕ್ಕೆ ಸಮ ಆಗಲ್ಲ.

ಅಲ್ಲಿ ಮುಂದಾಳು ಆಗೋಕೆ ಸಿಹಿ ಕಂಠ ಬೇಕಿರ್ಲಿಲ್ಲ, ಲಯ ಗಟ್ಟಿ ಇರ್ಬೇಕಿತ್ತು, ದನಿ ಆಚೆ ತುದಿಗೂ ಕೇಳಿಸ್ಬೇಕಿತ್ತು, ಸಾಲು ಮುಗಿಯದ ಹಾಗೆ ಹೊಸದು ಹೊಸದು ಕಟ್ತಾ ಹೋಗ್ಬೇಕಿತ್ತು. ಹಾಡಿನ ಪಲ್ಲವಿಯಾದ ‘ಬ್ಯಾಮ್ ಬಾ ಲ್ಯಾಮ್’ ಅಂದ್ರೇನು ಅಂತ ಜನ ತಲೆ ಕೆಡಿಸ್ಕೊಳ್ತಾರೆ. ನನ್ನ ಪ್ರಕಾರ ಅದು ಮೊದ್ಲು ಒಂದು ಜಾಗ, ಆಮೇಲೆ ಒಂದು ಪದ. ಮುಂದಾಳು ಒಂದು ಸಾಲು ಎಸೀತಾನೆ, ಗುಂಪು ಬ್ಯಾಮ್ ಬಾ ಲ್ಯಾಮ್ ಅನ್ನುತ್ತೆ, ಏಟು ಅಲ್ಲಿ ಬೀಳುತ್ತೆ. ಮತ್ತೆ ಸಾಲು, ಮತ್ತೆ ಏಟು. ಇಡೀ ಹಾಡಿನ ಅಸ್ಥಿಪಂಜರ ಅಷ್ಟೇ.

ಇದನ್ನ ರೆಕಾರ್ಡ್ ಮಾಡಿದ್ದು ಜಾನ್ ಲೋಮ್ಯಾಕ್ಸ್ ಮತ್ತು ಅವರ ಮಗ ಅಲನ್, ಅಮೆರಿಕದ ಲೈಬ್ರರಿ ಆಫ್ ಕಾಂಗ್ರೆಸ್‌ಗೋಸ್ಕರ. 1933ರಲ್ಲಿ ಅಪ್ಪ ಮಗ ಇಬ್ರೂ ಸುಮಾರು 140 ಕೆಜಿ ತೂಕದ, ತಟ್ಟೆ ಮೇಲೆ ದನಿ ಕೊರೆಯೋ ಮೆಷೀನನ್ನ ಕಾರಲ್ಲಿ ಹೇರ್ಕೊಂಡು ದಕ್ಷಿಣದ ಜೈಲುಗಳನ್ನ ಸುತ್ತಿದ್ರು. ಹೊರಗಡೆ ಆಗ್ಲೇ ರೇಡಿಯೋ, ಗ್ರಾಮಫೋನ್ ಬಂದು ಹಳೇ ಹಾಡು ಮರೀತಿದ್ವು, ಜೈಲೊಳಗೆ ಅದ್ಯಾವ್ದೂ ಇಲ್ದೆ ಹಳೇ ಹಾಡು ಹಾಗೇ ಉಳಿದಿರುತ್ತೆ ಅನ್ನೋದು ಅವರ ಲೆಕ್ಕ. ಲೆಕ್ಕ ಸರಿಯಾಗೇ ಇತ್ತು, ಆದ್ರೆ ಬಂದೂಕಿನ ಕೆಳಗೆ ನಿಂತಿರೋ ಕೈದಿಗೆ ‘ಹಾಡಲ್ಲ’ ಅನ್ನೋ ಸ್ವಾತಂತ್ರ್ಯ ಎಷ್ಟಿತ್ತು ಅನ್ನೋ ಪ್ರಶ್ನೆಯನ್ನ ಅವರ ಕೆಲಸದಿಂದ ಬೇರೆ ಮಾಡೋಕಾಗಲ್ಲ. ಲೋಮ್ಯಾಕ್ಸ್‌ಗಳು ಮಾಡಿದ್ದು ದೊಡ್ಡ ಕೆಲಸ ಅಂತ ನಾನು ಖಂಡಿತ ಹೇಳ್ತೀನಿ, ಅವರಿಲ್ದಿದ್ರೆ ಇವತ್ತು ಐರನ್ ಹೆಡ್ ದನಿ ನಮಗೆ ಸಿಗ್ತಾನೇ ಇರ್ಲಿಲ್ಲ.

ಈಗ ನಿಮ್ಮ ಬಂದೂಕು, ಚಾಟಿ ಜಗಳಕ್ಕೆ ಬರೋಣ. ಲೋಮ್ಯಾಕ್ಸ್‌ಗಳು 1934ರಲ್ಲಿ ತಂದ ಹಾಡುಗಳ ಪುಸ್ತಕದಲ್ಲಿ ಬ್ಲ್ಯಾಕ್ ಬೆಟ್ಟಿ ಅಂದ್ರೆ ಹೆಂಗಸಲ್ಲ, ದಕ್ಷಿಣದ ಕೆಲವು ಜೈಲುಗಳಲ್ಲಿ ಬಳಸೋ ಚಾಟಿ ಅಂತ ನೇರವಾಗಿ ಬರೆದಿದಾರೆ, ಟೆಕ್ಸಾಸ್‌ನ ಡ್ಯಾರಿಂಗ್ಟನ್ ಫಾರ್ಮಿನ ಒಬ್ಬ ಕೈದಿ ಆ ಚಾಟಿಯನ್ನ ಅಣಕಿಸ್ತಾ ಹಾಡಿದ್ದು ಅಂತ. ಆದ್ರೆ ಅದೇ ಟೆಕ್ಸಾಸ್ ಜೈಲು ಜಮೀನಲ್ಲಿ ಶಿಕ್ಷೆ ಅನುಭವಿಸಿ ಹೊರಬಂದ ಡಾಕ್ ರೀಸ್ ಅನ್ನೋರು ಮುಂದೆ ಅಲನ್ ಲೋಮ್ಯಾಕ್ಸ್‌ಗೆ ಹೇಳಿದ್ದು ಬೇರೆ, ಕೈದಿಗಳನ್ನ ಜೈಲಿಗೆ ಸಾಗಿಸೋ ಕಪ್ಪು ಗಾಡಿಯನ್ನ ನಾವು ಬ್ಲ್ಯಾಕ್ ಬೆಟ್ಟಿ ಅಂತಿದ್ವಿ ಅಂತ. ಇದಕ್ಕಿಂತ ಬಹಳ ಹಿಂದೆ 18ನೇ ಶತಮಾನದಲ್ಲೇ ಈ ಹೆಸ್ರು ಸಾರಾಯಿ ಬಾಟಲಿಗಿತ್ತು, ಬೆಂಜಮಿನ್ ಫ್ರ್ಯಾಂಕ್ಲಿನ್ ತಮ್ಮ ಪತ್ರಿಕೇಲಿ ಕುಡುಕರ ಮಾತುಗಳ ಒಂದು ಪಟ್ಟಿ ಹಾಕಿದ್ರು, ಅದ್ರಲ್ಲಿ ‘ಬ್ಲ್ಯಾಕ್ ಬೆಟ್ಟಿಗೆ ಮುತ್ತು ಕೊಟ್ಟ’ ಅನ್ನೋದೂ ಇದೆ. ಪೆನ್ಸಿಲ್ವೇನಿಯಾ ಕಡೆ ಮದುವೆ ದಿಬ್ಬಣದಲ್ಲಿ ಹುಡುಗ್ರು ಒಂದು ವಿಸ್ಕಿ ಬಾಟಲಿಗೋಸ್ಕರ ರೇಸ್ ಓಡೋ ಪದ್ಧತಿ ಇತ್ತು, ಆ ಬಾಟಲಿಯನ್ನೂ ಹೀಗೇ ಕರೀತಿದ್ರು. ಬಂದೂಕಿನ ವಾದ ಹುಟ್ಟಿದ್ದು ಬ್ರಿಟಿಷ್ ಸೈನ್ಯದ ‘ಬ್ರೌನ್ ಬೆಸ್’ ಅನ್ನೋ ಕೋವಿಯಿಂದ, ಬೆಸ್ ಬೆಟ್ಟಿ ಆಯ್ತು, ಬ್ಯಾಮ್ ಬಾ ಲ್ಯಾಮ್ ಗುಂಡಿನ ಸದ್ದಾಯ್ತು, ಹಾಡಲ್ಲಿ ಬರೋ, ಬೆಟ್ಟಿ ಹೆತ್ತ ಹುಚ್ಚು ಮಗು ಅಂದ್ರೆ ಇನ್ನೊಂದು ಹೊಸ ಕೋವಿ, ಹೀಗೆ. ಕೇಳೋಕೆ ಚೆನ್ನಾಗಿದೆ, ಆದ್ರೆ ಹಾಡು ಸಿಕ್ಕಿದ್ದು ಸೈನಿಕರ ಹತ್ರ ಅಲ್ಲ, ಕೊಡಲಿ ಹಿಡ್ದೋರ ಹತ್ರ. ಬಂದೂಕಿನ ವಾದವನ್ನ ನಾನು ಒಪ್ಪಲ್ಲ.

ಚಾಟಿನಾ ಗಾಡಿನಾ ಅಂತ ಒಂದನ್ನೇ ಆರಿಸ್ಬೇಕು ಅಂತೇನೂ ನನಗೆ ಅನ್ಸಲ್ಲ. ಕೈದಿಗಳ ಹಾಡಲ್ಲಿ ಹೀಗೇ ಇರುತ್ತೆ, ಒಂದು ಹೆಸ್ರೊಳಗೆ ಎರಡು ಮೂರು ಅರ್ಥ ಬಚ್ಚಿಟ್ಟಿರ್ತಾರೆ, ಪಕ್ಕದೋನಿಗೆ ಗೊತ್ತಾಗ್ಬೇಕು, ಕುದುರೆ ಮೇಲಿನೋನಿಗೆ ಗೊತ್ತಾಗ್ಬಾರ್ದು. ಎದುರು ನಿಂತು ಹೇಳಿದ್ರೆ ಚರ್ಮ ಸುಲೀತಿದ್ದ ಮಾತನ್ನ ಹಾಡಲ್ಲಿ ಹೇಳ್ಬಹುದಿತ್ತು. ತಮ್ಮನ್ನ ಹೊಡಿಯೋ ವಸ್ತುವಿಗೇ ಹೆಣ್ಣಿನ ಹೆಸ್ರಿಟ್ಟು ಅದಕ್ಕೊಂದು ಮಗು ಹುಟ್ಟಿಸಿ ಆ ಮಗುಗೆ ಹುಚ್ಚು ಹಿಡಿಸಿ ಅದನ್ನ ಗೇಲಿ ಮಾಡ್ತಾ ಕೊಡಲಿ ಬೀಸೋದಿದೆಯಲ್ಲ, ಅದಕ್ಕೆ ಎಂಥ ಗುಂಡಿಗೆ ಬೇಕು ಯೋಚ್ನೆ ಮಾಡಿ.

ಜೈಲಿಂದ ಹಾಡನ್ನ ಊರಿಗೆ ತಂದೋರು ಹ್ಯೂಡಿ ಲೆಡ್‌ಬೆಟರ್, ಜಗತ್ತಿಗೆಲ್ಲಾ ಗೊತ್ತಿರೋ ಹೆಸ್ರು ಲೆಡ್ ಬೆಲ್ಲಿ. ಲೂಸಿಯಾನಾದೋರು. ಕೊಲೆ ಕೇಸಲ್ಲಿ ಟೆಕ್ಸಾಸ್ ಜೈಲು ಸೇರಿ ಇದೇ ಶುಗರ್ ಲ್ಯಾಂಡಲ್ಲಿ ದುಡಿದ್ರು, ಗವರ್ನರ್ ಪ್ಯಾಟ್ ನೆಫ್ ಮುಂದೆ ಹಾಡಿ 1925ರಲ್ಲಿ ಕ್ಷಮಾದಾನ ಪಡ್ಕೊಂಡ್ರು, ಮತ್ತೆ 1930ರಲ್ಲಿ ಲೂಸಿಯಾನಾದ ಅಂಗೋಲಾ ಜೈಲು. ಲೋಮ್ಯಾಕ್ಸ್‌ಗಳಿಗೆ ಸಿಕ್ಕಿದ್ದು ಅಲ್ಲೇ, 1933ರ ಜುಲೈನಲ್ಲಿ. 1934ರಲ್ಲಿ ಬಿಡುಗಡೆ ಆದ್ಮೇಲೆ ಅವರ ಜೊತೆಗೇ ಊರೂರು ಸುತ್ತಿದ್ರು. 1939ರಲ್ಲಿ ನ್ಯೂಯಾರ್ಕಿನ ಮ್ಯೂಸಿಕ್ರಾಫ್ಟ್ ಕಂಪನಿಗೆ ಬ್ಲ್ಯಾಕ್ ಬೆಟ್ಟಿಯನ್ನ ಇನ್ನೆರಡು ಕೆಲಸದ ಹಾಡಿನ ಜೊತೆ ಪೋಣಿಸಿ ಹಾಡಿದ್ರು. ಮಾರಾಟಕ್ಕೆ ಅಂತ ಈ ಹಾಡು ಡಿಸ್ಕ್ ಆಗಿ ಬಂದಿದ್ದು ಹೀಗೆ. ಲೆಡ್ ಬೆಲ್ಲಿ ಹಾಡಿದ ಬೆಟ್ಟಿ ಒಂದು ನಿಮಿಷವೂ ಇಲ್ಲ. ಆದ್ರೆ ಆ ಕೆಲವು ಸೆಕೆಂಡಲ್ಲಿ ಒಬ್ಬರೇ ಮುಂದಾಳೂ ಆಗಿ ಗುಂಪೂ ಆಗಿ ಎರಡೂ ಕಡೆ ನಿಭಾಯಿಸ್ತಾರೆ, ಜಮೀನಿನ ಹಾಡು ವೇದಿಕೆಯ ಹಾಡಾಗೋ ಮೊದಲ ಹೆಜ್ಜೆ ಅದು. 1949ರ ಡಿಸೆಂಬರ್‌ನಲ್ಲಿ ತೀರ್ಕೊಂಡ್ರು, ಕೈಯಲ್ಲಿ ದುಡ್ಡಿರ್ಲಿಲ್ಲ.

1960ರ ದಶಕದಲ್ಲಿ ಜಾನಪದ ಹಾಡುಗಳ ಅಲೆ ಎದ್ದಾಗ ಅಮೆರಿಕದ ಗಾಯಕಿ ಒಡೆಟ್ಟಾ ಹಾಡಿದ್ರು, ಇಂಗ್ಲೆಂಡಲ್ಲಿ ಮ್ಯಾನ್‌ಫ್ರೆಡ್ ಮ್ಯಾನ್ ಬ್ಯಾಂಡ್ ಹೆಸ್ರನ್ನ ‘ಬಿಗ್ ಬೆಟ್ಟಿ’ ಮಾಡಿ ಹಾಡ್ತು. ಈ ದಾರಿ ಆಗ ಹೊಸದೇನಲ್ಲ. ಅರ್ಕಾನ್ಸಾ ಜೈಲಲ್ಲಿ 1934ರಲ್ಲಿ ರೆಕಾರ್ಡ್ ಆದ ‘ರಾಕ್ ಐಲೆಂಡ್ ಲೈನ್’ ಕೂಡ ಲೆಡ್ ಬೆಲ್ಲಿ ಮೂಲಕವೇ ಲಂಡನ್ನಿಗೆ ಹೋಗಿ, ಲಾನಿ ಡೊನೆಗನ್ 1954ರಲ್ಲಿ ಹಾಡಿದ್ದು 1956ರಲ್ಲಿ ದೊಡ್ಡ ಹಿಟ್ ಆಗಿ, ಲಿವರ್‌ಪೂಲ್‌ನ ಜಾನ್ ಲೆನನ್ ಥರದ ಹುಡುಗ್ರು ಗಿಟಾರ್ ಹಿಡಿಯೋಕೆ ಕಾರಣ ಆಯ್ತು. ಬ್ರಿಟಿಷ್ ರಾಕ್‌ನ ಬೇರಲ್ಲಿ ಅಮೆರಿಕದ ಕಪ್ಪು ಕೈದಿಗಳ ದನಿ ಇದೆ ಅಂತ ನಾನು ಹೇಳೋದು ಉತ್ಪ್ರೇಕ್ಷೆ ಅಲ್ಲ.

ಇನ್ನು ನಿಮ್ಮ ರ್‍ಯಾಮ್ ಜ್ಯಾಮ್. ಬಿಲ್ ಬಾರ್ಟ್ಲೆಟ್ ಅನ್ನೋ ಗಿಟಾರಿಸ್ಟ್ ಓಹಾಯೋ ಕಡೆಯೋರು, ಮುಂಚೆ ಲೆಮನ್ ಪೈಪರ್ಸ್ ಬ್ಯಾಂಡಲ್ಲಿದ್ದು 1968ರಲ್ಲಿ ‘ಗ್ರೀನ್ ಟ್ಯಾಂಬೊರಿನ್’ ಹಾಡಿಂದ ಅಮೆರಿಕದ ನಂಬರ್ 1 ನೋಡಿದೋರು. ಆಮೇಲೆ ಸ್ಟಾರ್‌ಸ್ಟ್ರಕ್ ಅಂತ ಬೇರೆ ಬ್ಯಾಂಡ್ ಕಟ್ಟಿ, ಲೆಡ್ ಬೆಲ್ಲಿಯ ಆ ಪುಟ್ಟ ಹಾಡನ್ನ ಎಳೆದು ರಿಫ್ (ಮತ್ತೆ ಮತ್ತೆ ಬರೋ ಗಿಟಾರ್ ತುಣುಕು) ಕೂಡಿಸಿ, ಮಧ್ಯದಲ್ಲಿ ತಾಳ ತಿರುಗಿಸೋ ಒಂದು ಉದ್ದದ ವಾದ್ಯದ ಭಾಗ ಹಾಕಿ ತಮ್ಮದೇ ಪುಟ್ಟ ಲೇಬಲಲ್ಲಿ ಬಿಟ್ರು. ಅಲ್ಲೇ ಸುತ್ತಮುತ್ತ ಹಿಟ್ ಆಯ್ತು. ನ್ಯೂಯಾರ್ಕಿನ ಪ್ರೊಡ್ಯೂಸರ್‌ಗಳಾದ ಜೆರ್ರಿ ಕ್ಯಾಸೆನೆಟ್ಸ್ ಮತ್ತು ಜೆಫ್ರಿ ಕ್ಯಾಟ್ಸ್ ಕಿವಿಗೆ ಬಿತ್ತು, ಅವ್ರು ಹಾಡು ತಗೊಂಡು ಬಾರ್ಟ್ಲೆಟ್ ಸುತ್ತ ರ್‍ಯಾಮ್ ಜ್ಯಾಮ್ ಅನ್ನೋ ಹೊಸ ಗುಂಪನ್ನೇ ಕಟ್ಟಿ 1977ರಲ್ಲಿ ಎಪಿಕ್ ಲೇಬಲಿಂದ ಬಿಟ್ರು. ರ್‍ಯಾಮ್ ಜ್ಯಾಮ್ ಹೆಸ್ರಲ್ಲಿ ನಾವೆಲ್ಲಾ ಕೇಳೋ ಆ ಟ್ರ್ಯಾಕ್ ಸ್ಟಾರ್‌ಸ್ಟ್ರಕ್ ನುಡಿಸಿದ್ದೇ, ಸ್ವಲ್ಪ ಕತ್ತರಿಸಿ ಜೋಡಿಸಿದಾರೆ ಅಷ್ಟೇ, ರ್‍ಯಾಮ್ ಜ್ಯಾಮ್‌ನಲ್ಲಿ ಬಾರ್ಟ್ಲೆಟ್ ಬಿಟ್ರೆ ಮಿಕ್ಕೋರು ಯಾರೂ ಅದ್ರಲ್ಲಿಲ್ಲ. ಅಮೆರಿಕದ ಪಟ್ಟಿಯಲ್ಲಿ 18ನೇ ಸ್ಥಾನ, ಬ್ರಿಟನ್‌ನಲ್ಲಿ 7. ಡಚ್ ಡಿಜೆ ಬೆನ್ ಲೀಬ್ರಾಂಡ್ ಮಾಡಿದ ರೀಮಿಕ್ಸ್ 1990ರಲ್ಲಿ ಮತ್ತೆ ಬ್ರಿಟನ್‌ನಲ್ಲಿ 13ಕ್ಕೆ ಹೋಯ್ತು. ಆಸ್ಟ್ರೇಲಿಯಾದ ಸ್ಪೈಡರ್‌ಬೇಟ್ 2004ರಲ್ಲಿ ತಮ್ಮ ದೇಶದಲ್ಲಿ ನಂಬರ್ 1, ಅದೇ ವರ್ಷ ನೀಡ್ ಫಾರ್ ಸ್ಪೀಡ್ ಅಂಡರ್‌ಗ್ರೌಂಡ್ 2 ಗೇಮ್, ಅಲ್ಲಿಂದ ನಿಮ್ಮ ಕಿವಿ.

ಸಂಗೀತದ ದೃಷ್ಟಿಯಿಂದ ಬಾರ್ಟ್ಲೆಟ್ ಮಾಡಿದ್ದು ಬಹಳ ಬುದ್ಧಿವಂತ ಕೆಲಸ. ಮೇಲೆ ಹೇಳಿದ್ನಲ್ಲ, ಏಟು ಬೀಳೋ ಜಾಗ ಅಂತ, ಅದನ್ನ ಅವ್ರು ಕೆಡಿಸ್ಲಿಲ್ಲ. ಕೊಡಲಿ ಬೀಳ್ತಿದ್ದ ಜಾಗಕ್ಕೆ ಗಿಟಾರು ಡ್ರಮ್ಸು ಕೂರಿಸಿದ್ರು. ಆ ಹಾಡಲ್ಲಿ ಕಾರ್ಡ್‌ಗಳ (ಒಟ್ಟಿಗೆ ನುಡಿಸೋ ಸ್ವರಗಳ) ಓಡಾಟ ಕಮ್ಮಿ, ಹೆಚ್ಚುಕಮ್ಮಿ ಒಂದೇ ಕಡೆ ನಿಂತು ಗುದ್ದುತ್ತೆ, ಆದ್ರೂ ಬೋರಾಗಲ್ಲ, ಯಾಕಂದ್ರೆ ಅದನ್ನ ಹಿಡ್ದಿರೋದು ರಾಗ ಅಲ್ಲ, ಕರೆ ಮತ್ತು ಏಟು. ಗೇಮಲ್ಲಿ ನಿಮ್ಮ ಕಾಲು ತಾನಾಗೇ ತಾಳ ಹಾಕ್ತಿತ್ತಲ್ಲ, ಅದಕ್ಕೂ ಇದೇ ಕಾರಣ.

ಕಳ್ಕೊಂಡಿದ್ದೂ ಇದೆ. ಒಂದು, ಗುಂಪು ಹೋಯ್ತು. ಇನ್ನೊಂದು, ಬೆಟ್ಟಿ ಬದಲಾದ್ಲು. ಬಾರ್ಟ್ಲೆಟ್ ವರ್ಷನ್‌ನಲ್ಲಿ ಅವಳು ಬರ್ಮಿಂಗ್‌ಹ್ಯಾಮ್, ಅಲಬಾಮಾ ಕಡೆಯಿಂದ ಬಂದು ಮೈ ಕುಣಿಸೋ ಹೆಂಗಸು. ಚಾಟಿಯೂ ಇಲ್ಲ, ಗಾಡಿಯೂ ಇಲ್ಲ. ಬಿಳಿಯರ ಬ್ಯಾಂಡೊಂದು ಕಪ್ಪು ಹೆಂಗಸನ್ನ ಹೀಗೆ ಹಾಡಿದ್ದು ಕೇಳಿದ ಅಮೆರಿಕದ ಕಪ್ಪು ಜನರ ದೊಡ್ಡ ಹಕ್ಕುಸಂಘಟನೆಗಳು, ಎನ್‌ಎಎಸಿಪಿ ಮತ್ತು ಕಾಂಗ್ರೆಸ್ ಆಫ್ ರೇಶಿಯಲ್ ಈಕ್ವಾಲಿಟಿ, 1977ರಲ್ಲಿ ಹಾಡನ್ನ ಬಹಿಷ್ಕರಿಸಿ ಅಂದ್ವು. ಜೈಲಿಂದ ಬಂದ ಹಾಡು ಅಂತ ಗೊತ್ತಿದ್ದೋರಿಗೆ ಆ ಬಹಿಷ್ಕಾರ ವಿಚಿತ್ರ ಅನ್ನಿಸ್ಬಹುದು, ನನಗೆ ಹಾಗನ್ಸಲ್ಲ. ಅವರ ಮುಂದಿದ್ದದ್ದು ಐರನ್ ಹೆಡ್ ಹಾಡಲ್ಲ, ರೇಡಿಯೋದಲ್ಲಿ ದಿನಾ ಬರ್ತಿದ್ದ ಈ ಹೊಸ ಬೆಟ್ಟಿ. ಅವಳ ಬಗ್ಗೆ ಅವರ ಸಿಟ್ಟು ನ್ಯಾಯವಾದದ್ದೇ.

ಹೆಸ್ರು ಮತ್ತು ದುಡ್ಡಿನ ವಿಷಯ ನನಗೆ ಇನ್ನೂ ಜಾಸ್ತಿ ಕಾಡುತ್ತೆ. ರಾಕ್ ವರ್ಷನ್‌ಗಳಲ್ಲಿ ಸಾಮಾನ್ಯವಾಗಿ ಲೆಡ್‌ಬೆಟರ್ ಹೆಸ್ರಾದ್ರೂ ಬರುತ್ತೆ. ಐರನ್ ಹೆಡ್ ಬೇಕರ್ ಹೆಸ್ರು ಬರಲ್ಲ, ಅವರ ಹಿಂದೆ ಪಲ್ಲವಿ ಕೊಟ್ಟೋರಂತೂ ಬರೀ ‘ಗುಂಪು’. ಜಾನ್ ಲೋಮ್ಯಾಕ್ಸ್ 1936ರಲ್ಲಿ ಬೇಕರ್ ಅವರನ್ನ ಪರೋಲ್ ಮೇಲೆ ಬಿಡಿಸ್ಕೊಂಡು ತಮ್ಮ ಹಾಡು ಹುಡುಕೋ ತಿರುಗಾಟಕ್ಕೆ ಕರ್ಕೊಂಡು ಹೋದ್ರು, ಅದು ಬಹಳ ದಿನ ನಡೀಲಿಲ್ಲ. ಲೆಡ್ ಬೆಲ್ಲಿಗೆ ಸಿಕ್ಕ ವೇದಿಕೆ ಅವರಿಗೆ ಸಿಗ್ಲಿಲ್ಲ. ಯಾರದೂ ಅಲ್ಲದ ಹಾಡನ್ನ ಯಾರು ಬೇಕಾದ್ರೂ ಹಾಡ್ಬಹುದು ಅನ್ನೋದು ನಿಜ, ಹಾಗಂತ ಮೊದಲು ನಮ್ಮ ಕಿವಿಗೆ ಮುಟ್ಟಿಸಿದೋನ ಹೆಸ್ರು ಗೊತ್ತಿದ್ದೂ ಬಿಡೋದು ಸರಿ ಅಲ್ಲ.

ಹಾಗಾಗಿ ನಿಮ್ಮ ಫೆಸ್ಟಿನ ಪ್ರಶ್ನೆಗೆ: ಹಾಡಿ, ತಪ್ಪಿಲ್ಲ. ಆದ್ರೆ ರ್‍ಯಾಮ್ ಜ್ಯಾಮ್ ಸಾಲುಗಳನ್ನ ಹಾಗೇ ಇಳಿಸ್ಬೇಡಿ, ಆ ಮೈ ಕುಣಿಸೋ ಸಾಲು ಬಿಟ್ಟು ಲೆಡ್ ಬೆಲ್ಲಿ ಸಾಲುಗಳ ಹತ್ರ ಇರಿ. ಪ್ರ್ಯಾಕ್ಟೀಸಿಗೆ ಮುಂಚೆ ಇಡೀ ಬ್ಯಾಂಡ್ ಕೂತು 1933ರ ರೆಕಾರ್ಡಿಂಗ್ ಒಂದ್ಸಲ, 1939ರದ್ದು ಒಂದ್ಸಲ ಕೇಳಿ, ಡ್ರಮ್ಮರ್‌ಗೆ ಎರಡೆರಡು ಸಲ ಕೇಳ್ಸಿ, ಯಾಕಂದ್ರೆ ಎಲ್ರೂ ಇದನ್ನ ಸಿಕ್ಕಾಪಟ್ಟೆ ಸ್ಪೀಡಾಗಿ ನುಡಿಸ್ತಾರೆ, ಮೂಲ ಹಾಡಿನ ವೇಗ ಮನುಷ್ಯ ಕೊಡಲಿ ಎತ್ತಿ ಇಳಿಸೋ ವೇಗ. ಸ್ಟೇಜ್ ಮೇಲೆ ಮೊದಲ ಎರಡು ಸಾಲು ವಾದ್ಯ ಇಲ್ದೆ ಶುರು ಮಾಡಿ, ಒಬ್ರು ಸಾಲು ಹೇಳಿ, ಮಿಕ್ಕೋರೆಲ್ಲಾ ಕಾಲು ನೆಲಕ್ಕೆ ಬಡಿದು ಪಲ್ಲವಿ ಕೊಡಿ, ಆಮೇಲೆ ಗಿಟಾರ್ ಬರ್ಲಿ. ಅನೌನ್ಸ್ ಮಾಡೋವಾಗ ರ್‍ಯಾಮ್ ಜ್ಯಾಮ್ ಜೊತೆ ಲೆಡ್ ಬೆಲ್ಲಿ ಹೆಸ್ರು, ಜೇಮ್ಸ್ ಐರನ್ ಹೆಡ್ ಬೇಕರ್ ಹೆಸ್ರು, ಶುಗರ್ ಲ್ಯಾಂಡ್ ಅನ್ನೋ ಊರ ಹೆಸ್ರು ಮೂರೂ ಹೇಳಿ, ಅರ್ಧ ನಿಮಿಷ ಸಾಕು.